ಏಳು ಕುದ್ರುಗಳ ‘ಕಟ್ಟುಗೆರೆ’: ಬರೆಯುವುದು ಹೇಗೆ, ಎಬ್ಬಿಸುವುದು ಹೇಗೆ?

ಕೇಳಿದವರು, ಕುಂಬಳೆ: ಶಾಲಾ ವಾರ್ಷಿಕೋತ್ಸವಕ್ಕೆ ಮಕ್ಕಳ ನಾಟಕ ಬರೆಯುತ್ತಿದ್ದೇನೆ. ಏಳು ಕುದ್ರುಗಳಿರುವ (ಹೊಳೆ ನಡುವಿನ ದ್ವೀಪಗಳು) ಕಲ್ಪನೆಯ ಲೋಕ. ಅಲ್ಲಿನ ಅಂಬಿಗರು ‘ಕಟ್ಟುಗೆರೆ’ ಎಂಬ ಮಾಯಾಚಿಹ್ನೆ ಬರೆದು ಬಾಗಿಲನ್ನೋ ದೋಣಿಯನ್ನೋ ಕಟ್ಟಿಹಾಕುತ್ತಾರೆ. ನೆಲಕ್ಕೆ ಹುಡಿ ಹಾಕಿ ಬರೆಸುವ ಯೋಚನೆ ಇದೆ. ಆಕಾರ ಹೇಗಿರಲಿ? ಅದು ಎಚ್ಚರಾದದ್ದನ್ನು ರಂಗದಲ್ಲಿ ತೋರಿಸುವುದು ಹೇಗೆ? ಎಲ್ಲ ಕಷ್ಟಕ್ಕೂ ಅದೊಂದೇ ಮದ್ದಾಗಬಾರದು.

ಬದಿಯಡ್ಕದಿಂದ: ಟೀಚರ್, ಕುದ್ರು ಏಳಾದರೆ ಮೂಲೆಯೂ ಏಳಿರಲಿ. ಕೈ ಎತ್ತದೆ ಒಂದೇ ಗೆರೆಯಲ್ಲಿ ಮುಗಿಯಬೇಕು, ಎತ್ತಿದರೆ ಕಟ್ಟು ನಿಲ್ಲುವುದಿಲ್ಲ ಎಂದಿಡಿ. ಮೂಲೆಗಳಿಗೆ ಸಾಲಾಗಿ 1ರಿಂದ 7ರ ತನಕ ನಂಬ್ರ ಹಾಕಿ, ಮೂರು ಮೂರು ಮೂಲೆ ಮುಂದೆ ಹೋಗಿ: 1, 4, 7, 3, 6, 2, 5, ತಿರುಗಿ 1. ಆರು ಮೂಲೆ ಇಟ್ಟು ಎರಡೆರಡು ದಾಟಿದರೆ 1, 3, 5 ಆಗಿ ಗೆರೆ ಅಲ್ಲೇ ಮುಚ್ಚಿಕೊಳ್ಳುತ್ತದೆ, ಎರಡು ಬೇರೆ ಬೇರೆ ತ್ರಿಕೋನವಾಗುತ್ತದೆ. ಮೂಲೆಯ ಸಂಖ್ಯೆಗೂ ದಾಟುವ ಸಂಖ್ಯೆಗೂ 1 ಬಿಟ್ಟು ಬೇರೆ ಸಾಮಾನ್ಯ ಅಪವರ್ತನ ಇದ್ದರೆ ಹೀಗಾಗುವುದು. ಏಳಕ್ಕೆ ಆ ತಾಪತ್ರಯವೇ ಇಲ್ಲ.

ಅಳತೆ: 3 ಅಡಿ ಹಗ್ಗದಲ್ಲಿ ವೃತ್ತ ಎಳೆಯಿರಿ. ಮೂಲೆಯಿಂದ ಪಕ್ಕದ ಮೂಲೆಗೆ ನೇರ 31¼ ಇಂಚು. ಏಳನೆಯ ಅಳತೆ ಮೊದಲ ಮೂಲೆಗೆ ಸರಿಯಾಗಿ ಬಂದು ಕೂಡದಿದ್ದರೆ ಹಗ್ಗ ಎಳೆದುಕೊಂಡಿದೆ ಎಂದರ್ಥ. ಸೆಣಬಿನ ಹುರಿ ಬೇಡ, ಪಟ್ಟಿಯ ತುಂಡು ಒಳ್ಳೆಯದು. ಒಟ್ಟು ಗೆರೆ ಸುಮಾರು 41 ಅಡಿ, ಹಾಗಾಗಿ ಬರೆಯುವ ಮಗು ಚೆನ್ನಾಗಿ ಅಭ್ಯಾಸ ಮಾಡಿರಬೇಕು. ನಾಗಮಂಡಲದ್ದೋ ಪೂಜೆಯ ಪದ್ಮದ್ದೋ ವಿನ್ಯಾಸವನ್ನು ಮಾತ್ರ ಎತ್ತಿಕೊಳ್ಳಬೇಡಿ. ನಮ್ಮ ಊರಲ್ಲಿ ನೋಡಿದ ಕೂಡಲೇ ಗುರುತು ಸಿಗುತ್ತದೆ, ಅದರ ಭಕ್ತಿಯೇ ಬೇರೆ.

ಪೆರ್ಲದಿಂದ: ನೆಲಕ್ಕೆ ಹುಡಿ ಹಾಕಿ ಬರೆದರೆ ಎದುರು ಕೂತವರಿಗೆ ಏನೂ ಕಾಣಿಸುವುದಿಲ್ಲ. ತೆಳು ಬಿಳಿ ಹತ್ತಿಬಟ್ಟೆಗೆ ಮೊದಲೇ ಬರೆದು ಹಿಂದೆ ಪರದೆಯಾಗಿ ಕಟ್ಟಿ. ಎಚ್ಚರಾಗುವುದಕ್ಕೆ ಕುರುದಿ ನೀರಿನ (ಅರಿಶಿನ, ಸುಣ್ಣ ಕಲಸಿದ ಕೆಂಪು ನೀರು) ಗುಟ್ಟೇ ಸಾಕು: ಅರಿಶಿನಕ್ಕೆ ಸುಣ್ಣ ತಾಗಿದರೆ ಕೆಂಪು, ಹುಳಿ ತಾಗಿದರೆ ತಿರುಗಿ ಹಳದಿ.

ಬಟ್ಟೆಗೆ ಗಂಜಿತೆಳಿ ಹಾಕಿ ಒಣಗಿಸಿ, ಇಲ್ಲದಿದ್ದರೆ ಗೆರೆ ನೂಲು ಹಿಡಿದು ಹರಡುತ್ತದೆ. ನಾಲ್ಕು ಚಮಚ ಅರಿಶಿನ ಹುಡಿಯನ್ನು ಒಂದು ಲೋಟ ನೀರಿನಲ್ಲಿ ಹತ್ತು ನಿಮಿಷ ಕುದಿಸಿ, ಬಟ್ಟೆಯಲ್ಲಿ ಸೋಸಿ, ಒಂದಿಂಚಿನ ಬ್ರಶ್ಶಿನಿಂದ ಎಳೆಯಿರಿ. ಸೋಸದೆ ದಪ್ಪಗೆ ಬಳಿದರೆ ಒಣಗಿ ಉದುರುತ್ತದೆ. ನೆರಳಲ್ಲೇ ಒಣಗಿಸಿ, ಬಿಸಿಲಿಗೆ ಅರಿಶಿನ ಮಾಸುತ್ತದೆ.

ವೀಳ್ಯದ ಸುಣ್ಣ ಒಂದು ಚಮಚ, ನೀರು ಒಂದು ಲೀಟರ್. ಕಲಕಿ, ಮುಚ್ಚಿ, ರಾತ್ರಿಯಿಡೀ ಬಿಡಿ. ಮೇಲಿನ ತಿಳಿಯನ್ನು ಮಾತ್ರ ಸ್ಪ್ರೇ ಬಾಟಲಿಗೆ ತುಂಬಿ. ಅಡಿಯ ಗಸಿ ಸೇರಿದರೆ ತೂತು ಕಟ್ಟುತ್ತದೆ. ತೆರೆದಿಟ್ಟ ತಿಳಿ ಗಾಳಿ ತಾಗಿ ಸಪ್ಪೆಯಾಗುತ್ತದೆ. ಪರದೆಯ ಹಿಂದಿನಿಂದ ದೊಡ್ಡವರೊಬ್ಬರು ಒಂದಡಿ ದೂರದಲ್ಲಿ ನಿಂತು ಹಗುರವಾಗಿ ಸಿಂಪಡಿಸಲಿ. ಮಕ್ಕಳ ಕೈಗೆ ಕೊಡಬೇಡಿ, ಸುಣ್ಣದ ನೀರು ಕಣ್ಣಿಗೆ ಕೆಟ್ಟದು. ಕಟ್ಟು ಬಿಚ್ಚುವಾಗ ಎರಡು ಲಿಂಬೆಯ ರಸ ಒಂದು ಲೋಟ ನೀರಿಗೆ, ಸೋಸಿ, ಬೇರೆ ಬಾಟಲಿಯಲ್ಲಿ. ಒಂದು ಪ್ರದರ್ಶನಕ್ಕೆ ಒಮ್ಮೆ ಕೆಂಪು, ಒಮ್ಮೆ ಹಳದಿ ಸಾಕು.

ಹೆಚ್ಚಾಗಿ ಕೆಡುವುದು ಒಂದೇ ಕಡೆ: ಸಾಬೂನಿನಲ್ಲಿ ಒಗೆದು ಸರಿಯಾಗಿ ಜಾಲಿಸದ ಬಟ್ಟೆ. ಸಾಬೂನಿನ ಕ್ಷಾರಕ್ಕೆ ಗೆರೆ ಬರೆಯುವಾಗಲೇ ಕೆಂಪಾಗುತ್ತದೆ. ಇನ್ನು ಆ ಹೊತ್ತಿಗೆ ಬಿಳಿ ಬೆಳಕೇ ಇರಲಿ, ಕೆಂಪು ದೀಪದಡಿ ಬದಲಾವಣೆ ಯಾರಿಗೂ ಗೊತ್ತಾಗದು.

ಮಂಜೇಶ್ವರದಿಂದ: ಕಟ್ಟಳೆಯನ್ನು ನೀರಿನಿಂದಲೇ ತೆಗೆದುಕೊಳ್ಳಿ. ಒಂದು ಉಬ್ಬರದಲ್ಲಿ ಬರೆದ ಗೆರೆ ಮುಂದಿನ ಉಬ್ಬರದ ತನಕ ಮಾತ್ರ ನಿಲ್ಲಲಿ. ನಮ್ಮ ಕಡಲಿನಲ್ಲಿ ಒಂದು ಉಬ್ಬರದಿಂದ ಇನ್ನೊಂದಕ್ಕೆ ಸುಮಾರು 12 ಗಂಟೆ 25 ನಿಮಿಷ, ಅಂದರೆ ದಿನಕ್ಕೆ 50 ನಿಮಿಷದಷ್ಟು ತಡವಾಗುತ್ತದೆ. ನಿನ್ನೆಯ ಹೊತ್ತನ್ನೇ ನಂಬಿದ ಕಳ್ಳನೂ ಕಾವಲಿನವನೂ ಇಬ್ಬರೂ ಏಮಾರಬಹುದು. ಕಥೆಗೆ ಇದು ದೊಡ್ಡ ಲಾಭ.

ಬೆಲೆಯೂ ಇರಲೇಬೇಕು. ದಣಿವು ಎಂದು ಬರೆದು ಬಿಡಬೇಡಿ, ಪ್ರೇಕ್ಷಕರಿಗೆ ಅದು ಕಾಣಿಸುವುದಿಲ್ಲ. ಕಟ್ಟಿದ ಅಂಬಿಗ ಗೆರೆ ಬಿಚ್ಚುವ ತನಕ ತನ್ನ ಕುದ್ರು ಬಿಟ್ಟು ಹೋಗುವಂತಿಲ್ಲ ಎಂದಿಟ್ಟರೆ, ಬಾಗಿಲು ಕಟ್ಟಿದವನೂ ಕಟ್ಟಿಗೆ ಬಿದ್ದ ಹಾಗೆ. ಒಂದು ಗೆರೆಗೆ ಒಂದೇ ವಸ್ತು. ಜೀವ ಇರುವುದನ್ನು ಕಟ್ಟಲಾಗದು, ಹೊಳೆಯನ್ನು ಕೂಡಾ. ಈ ಮೂರನ್ನೂ ಮೊದಲ ದೃಶ್ಯದಲ್ಲೇ ಮಾತಿನಲ್ಲಿ ಹೇಳಿಸದೆ ಮಾಡಿ ತೋರಿಸಿ: ಒಬ್ಬ ಮರಿ ಅಂಬಿಗ ದೋಣಿ ಕಟ್ಟುತ್ತಾನೆ, ದೋಣಿಯೊಳಗಿನ ಕೋಳಿ ಹಾರಿಹೋಗುತ್ತದೆ, ಹಿಡಿಯಲು ಹೊರಟವನ ಕಾಲು ಕುದ್ರುವಿನ ಅಂಚಿನಲ್ಲಿ ನಿಂತುಬಿಡುತ್ತದೆ.

ಕೇಳಿದವರು: ಹುಡಿಯ ಯೋಚನೆ ಬಿಟ್ಟೆ, ಬಟ್ಟೆಯೇ ಸರಿ. ಕೋಳಿಯ ದೃಶ್ಯವನ್ನು ಹಾಗೆಯೇ ತೆಗೆದುಕೊಳ್ಳುತ್ತೇನೆ. ಸಭಾಂಗಣದಲ್ಲಿ ಫ್ಯಾನ್ ಜೋರು, ಪರದೆ ಹಾರೀತೇ?

ಪೆರ್ಲದಿಂದ: ಹಾರುತ್ತದೆ. ಕೆಳಅಂಚಿಗೆ ಮಡಿಕೆ ಹೊಲಿದು ಬಿದಿರಿನ ಕೋಲು ತೂರಿಸಿ. ಸಿಂಪಡಿಸುವ ಹೊತ್ತಿಗೆ ವೇದಿಕೆಯ ಫ್ಯಾನ್ ನಿಲ್ಲಿಸಿ, ಇಲ್ಲದಿದ್ದರೆ ಹನಿ ಗೆರೆಗೆ ತಲುಪುವುದಿಲ್ಲ.