ಟಾಲೆಮಿಗಳ ಕಾಲದ ಈಜಿಪ್ಟಿನ ದೇವಾಲಯಗಳು: ಗೇಮ್‌ಗಳು ತೋರಿಸುವುದರಲ್ಲಿ ಇತಿಹಾಸ ಎಷ್ಟಿದೆ?

ಮರಳುಹಾದಿ (ಪ್ರಶ್ನೆ)

ಎಲ್ಲರಿಗೂ ನಮಸ್ಕಾರ. ಯೂಬಿಸಾಫ್ಟ್ ಸಂಸ್ಥೆ 2017ರಲ್ಲಿ ಹೊರತಂದ ‘ಅಸಾಸಿನ್ಸ್ ಕ್ರೀಡ್ ಒರಿಜಿನ್ಸ್’ ಗೇಮನ್ನು ಇತ್ತೀಚೆಗೆ ಆಡಿ ಮುಗಿಸಿದೆ. ಅದರ ಕಥೆ ಆರಂಭವಾಗುವುದು ಕ್ರಿ.ಪೂ. 49ರಲ್ಲಿ, ಅಂದರೆ ಕ್ಲಿಯೋಪಾತ್ರ ಮತ್ತು ಆಕೆಯ ತಮ್ಮನ ನಡುವೆ ಪಟ್ಟಕ್ಕಾಗಿ ಕಲಹ ನಡೆಯುತ್ತಿದ್ದ ಕಾಲದಲ್ಲಿ. ಅಲೆಕ್ಸಾಂಡ್ರಿಯಾದಲ್ಲಿ ಸೆರಾಪಿಸ್ ದೇವರ ಗುಡಿ ಗ್ರೀಕ್ ಮಾದರಿಯ ಕಂಬಸಾಲುಗಳಿಂದ ಮೆರೆಯುತ್ತದೆ. ಅಲ್ಲಿಂದ ಫಯ್ಯೂಮ್ ಕಡೆಗೆ ಹೋದರೆ ಮೊಸಳೆ ದೇವರಾದ ಸೊಬೆಕ್‌ನ ಆಲಯ ಹಳೆಯ ಫೇರೋಗಳೇ ಕಟ್ಟಿಸಿದಂತೆ ಎದ್ದು ನಿಂತಿದೆ. ಒಂದೇ ರಾಜ್ಯದಲ್ಲಿ, ಒಂದೇ ರಾಜವಂಶದ ಆಳ್ವಿಕೆಯಲ್ಲಿ ಎರಡು ಬಗೆಯ ದೇವಾಲಯಗಳು ಹೀಗೆ ಬೇರೆಬೇರೆಯಾಗಿಯೇ ಇದ್ದವೇ, ಅಥವಾ ಎರಡೂ ಶೈಲಿಗಳು ಒಂದೇ ಕಟ್ಟಡದಲ್ಲಿ ಬೆರೆತ ನಿದರ್ಶನಗಳೂ ಇವೆಯೇ ಎಂಬುದು ನನ್ನ ಮೊದಲ ಪ್ರಶ್ನೆ.

ಎರಡನೆಯದು ಇನ್ನೊಂದು ಬಗೆಯ ಕುತೂಹಲ. 1999ರ ‘ಟೂಂಬ್ ರೇಡರ್: ದಿ ಲಾಸ್ಟ್ ರೆವೆಲೇಷನ್’ ಕಾಲದಿಂದಲೂ ಇಂತಹ ಗೇಮ್‌ಗಳಲ್ಲಿ ದೇವಾಲಯವೆಂದರೆ ತಾನಾಗಿಯೇ ತೆರೆಯುವ ಬಾಗಿಲು, ಗುಪ್ತ ಯಂತ್ರ, ಎಲ್ಲೋ ಏನನ್ನೋ ಇರಿಸಿದರೆ ಇನ್ನೆಲ್ಲೋ ಕದಲುವ ಕಲ್ಲು. ಇದಕ್ಕೆ ಚರಿತ್ರೆಯಲ್ಲಿ ಏನಾದರೂ ಆಧಾರವಿದೆಯೇ? ತಿಳಿದವರು ವಿವರಿಸಿದರೆ ಉಪಕಾರವಾಗುತ್ತದೆ.

ಶಿಲಾಲೇಖ

ತಾವು ಗಮನಿಸಿದ ವ್ಯತ್ಯಾಸ ಗೇಮ್ ತಯಾರಕರ ಕಲ್ಪನೆಯಲ್ಲ. ಟಾಲೆಮಿ ವಂಶದ ಅರಸರು ಮ್ಯಾಸಿಡೋನಿಯಾ ಮೂಲದವರು, ಅವರ ಆಸ್ಥಾನದ ಭಾಷೆ ಗ್ರೀಕ್. ಆದರೂ ನೈಲ್ ಕಣಿವೆಯ ದೇವತೆಗಳಿಗೆ ಅವರು ಕಟ್ಟಿಸಿದ ಆಲಯಗಳು ಅಪ್ಪಟ ಈಜಿಪ್ಟಿನ ಸಂಪ್ರದಾಯದವು. ಎಡ್ಫುವಿನ ಹೋರಸ್ ದೇವಾಲಯವನ್ನೇ ನೋಡಿ. ಮೂರನೆಯ ಟಾಲೆಮಿ ಕ್ರಿ.ಪೂ. 237ರಲ್ಲಿ ಅಡಿಗಲ್ಲು ಹಾಕಿದ. ನಡುನಡುವೆ ದಂಗೆಗಳಿಂದ ಕೆಲಸ ನಿಂತು, ಮತ್ತೆ ಸಾಗಿ, ಕ್ಲಿಯೋಪಾತ್ರಳ ತಂದೆಯಾದ ಹನ್ನೆರಡನೆಯ ಟಾಲೆಮಿಯ ಕಾಲದಲ್ಲಿ, ಕ್ರಿ.ಪೂ. 57ರಲ್ಲಿ ಪೂರ್ಣಗೊಂಡಿತು. ಸುಮಾರು 36 ಮೀಟರ್ ಎತ್ತರದ ಅದರ ಮಹಾದ್ವಾರದ ಗೋಡೆಗಳ ಮೇಲೆ ಗ್ರೀಕ್ ಮಾತಾಡುವ ಈ ಅರಸ ಫೇರೋನ ಕಿರೀಟ ತೊಟ್ಟು, ಶತ್ರುಗಳ ಜುಟ್ಟು ಹಿಡಿದು ಗದೆ ಎತ್ತಿ ನಿಂತಿದ್ದಾನೆ. ಅರಸನಿಗೆ ಪುರೋಹಿತ ವರ್ಗದ ಮನ್ನಣೆ ಬೇಕಿತ್ತು, ಪುರೋಹಿತರಿಗೆ ಅರಸನ ದತ್ತಿ ಬೇಕಿತ್ತು; ಆ ಒಪ್ಪಂದ ಕಲ್ಲಿನಲ್ಲಿ ಹೀಗೆ ಕಾಣಿಸಿಕೊಂಡಿದೆ. ಇಂದು ಪ್ರವಾಸಿಗರು ಫೇರೋಗಳ ಕಾಲದವೆಂದು ಭಾವಿಸಿ ನೋಡುವ ಎಡ್ಫು, ಕೋಮ್ ಒಂಬೊ, ಡೆಂಡೆರಾ, ಫಿಲೆಗಳ ಮುಖ್ಯ ಕಟ್ಟಡಗಳೆಲ್ಲ ಬಹುಪಾಲು ಗ್ರೀಕ್ ಮತ್ತು ರೋಮನ್ ಆಳ್ವಿಕೆಯಲ್ಲಿಯೇ ಎದ್ದವು.

ಇಲ್ಲಿ ಗೇಮ್‌ಗಳ ಬಗ್ಗೆ ನನಗೊಂದು ಗಂಭೀರ ಆಕ್ಷೇಪವಿದೆ. ಕ್ರಿ.ಪೂ. 49ರಲ್ಲಿ ಎಡ್ಫುವಿನ ಬಾಗಿಲುಗಳನ್ನು ಕೂರಿಸಿ ಇನ್ನೂ ಹತ್ತು ವರ್ಷವೂ ಆಗಿರಲಿಲ್ಲ, ಗೋಡೆಗಳ ಬಣ್ಣ ಇನ್ನೂ ಹೊಸದಾಗಿತ್ತು. ಡೆಂಡೆರಾದ ಹಾಥೋರ್ ದೇವಾಲಯದ ಕೆಲಸ ಕ್ರಿ.ಪೂ. 54ರಲ್ಲಷ್ಟೇ ಶುರುವಾಗಿ, ಕ್ಲಿಯೋಪಾತ್ರಳ ಆಳ್ವಿಕೆಯುದ್ದಕ್ಕೂ ಕಲ್ಲುಕುಟಿಗರು ಅಲ್ಲಿ ದುಡಿಯುತ್ತಿದ್ದರು. ಆದರೆ ಬಹುಪಾಲು ಗೇಮ್‌ಗಳು ಈಜಿಪ್ಟಿನ ದೇವಾಲಯವೆಂದೊಡನೆ ಮುರಿದ ಕಂಬ, ಮರಳಿನಲ್ಲಿ ಹೂತ ಅಂಗಳ, ಜೇಡರಬಲೆ ಕಟ್ಟಿದ ಕತ್ತಲ ಕೋಣೆಗಳನ್ನೇ ತೋರಿಸುತ್ತವೆ. ‘ಒರಿಜಿನ್ಸ್’ ತನ್ನ ಆಲಯಗಳಿಗೆ ಬಣ್ಣ ತುಂಬಿ, ಅಲ್ಲಿ ಪೂಜಾರಿಗಳನ್ನೂ ಜನರನ್ನೂ ಓಡಾಡಿಸಿರುವುದು ಮೆಚ್ಚತಕ್ಕದ್ದು. 2004ರ ‘ರೋಮ್: ಟೋಟಲ್ ವಾರ್’ ಇದಕ್ಕೆ ತೀರ ವಿರುದ್ಧ, ಟಾಲೆಮಿಗಳ ಸೇನೆ ಗ್ರೀಕ್ ಭರ್ಚಿದಾರರ ಸೇನೆಯಾಗಿದ್ದ ಕಾಲಕ್ಕೆ ಅದು ಸಾವಿರ ವರ್ಷ ಹಿಂದಿನ ಫೇರೋಗಳ ರಥಸೇನೆಯನ್ನು ತಂದು ನಿಲ್ಲಿಸಿತು.

ಒಂದೇ ಕಟ್ಟಡದಲ್ಲಿ ಎರಡೂ ಶೈಲಿಗಳು ಬೆರೆತಿರುವುದನ್ನು ನೋಡಬೇಕಾದರೆ ದೊಡ್ಡ ದೇವಾಲಯಗಳಿಗಿಂತ ಸಮಾಧಿಗಳತ್ತ ಹೋಗಬೇಕು. ತೂನಾ ಅಲ್ ಜಬಲ್‌ನಲ್ಲಿರುವ ಪೆಟೊಸಿರಿಸ್‌ನ ಸಮಾಧಿ ಕ್ರಿ.ಪೂ. ನಾಲ್ಕನೆಯ ಶತಮಾನದ ಕೊನೆಯ ಸುಮಾರಿನದು. ಆತ ಥೋತ್ ದೇವರ ಪ್ರಧಾನ ಅರ್ಚಕ. ಸಮಾಧಿ ಹೊರಗಿನಿಂದ ಚಿಕ್ಕ ಈಜಿಪ್ಟಿನ ದೇವಾಲಯದಂತಿದೆ. ಮುಖಮಂಟಪದೊಳಗೆ ಕಾಲಿಟ್ಟರೆ ದ್ರಾಕ್ಷಿ ಕೊಯ್ಯುವವರು, ಲೋಹ ತೂಗುವವರು, ಬಡಗಿಗಳು ಗ್ರೀಕ್ ಉಡುಗೆಯಲ್ಲಿ, ಗ್ರೀಕ್ ಭಂಗಿಗಳಲ್ಲಿ ಕಾಣುತ್ತಾರೆ. ಒಳಗಿನ ಕೋಣೆಯಲ್ಲಿ ಮಾತ್ರ ಸಾವು ಮತ್ತು ಪರಲೋಕದ ಚಿತ್ರಗಳೆಲ್ಲ ಹಳೆಯ ಕ್ರಮದಲ್ಲಿಯೇ ಇವೆ. ಅಲೆಕ್ಸಾಂಡ್ರಿಯಾದ ಕೋಮ್ ಅಲ್ ಶುಕಾಫಾ ನೆಲಮಾಳಿಗೆಯ ಸಮಾಧಿಗಳು ರೋಮನ್ ಕಾಲದವು. ಅಲ್ಲಿ ನರಿಮುಖದ ಅನುಬಿಸ್ ರೋಮನ್ ಸೈನಿಕನ ಕವಚ ತೊಟ್ಟು ಕಾವಲು ನಿಂತಿದ್ದಾನೆ.

ಪಪೈರಸ್‌ಪ್ರಿಯ

ಶಿಲಾಲೇಖ ಅವರು ಕಟ್ಟಡಗಳ ವಿಚಾರವನ್ನು ಚೆನ್ನಾಗಿ ಹೇಳಿದ್ದಾರೆ. ಆದರೆ ಎರಡು ಸಂಸ್ಕೃತಿಗಳು ನಿಜವಾಗಿ ಕೂಡಿದ್ದು ಕಂಬಗಳಲ್ಲಿ ಅಲ್ಲ, ಪೂಜೆಯಲ್ಲಿ ಮತ್ತು ದೇವಾಲಯದ ದಿನನಿತ್ಯದ ವ್ಯವಹಾರದಲ್ಲಿ ಎಂಬುದು ನನ್ನ ಅಭಿಪ್ರಾಯ.

ಅಲೆಕ್ಸಾಂಡ್ರಿಯಾದ ಸೆರಾಪಿಯಂ, ಅಂದರೆ ಸೆರಾಪಿಸ್ ದೇವರ ಆಲಯ, ಇದಕ್ಕೆ ಸಾಕ್ಷಿ. ಮೆಂಫಿಸ್‌ನಲ್ಲಿ ಸತ್ತ ಆಪಿಸ್ ಎಂಬ ಪವಿತ್ರ ಗೂಳಿಯನ್ನು ಮೃತರ ದೇವರಾದ ಒಸಿರಿಸ್‌ನೊಡನೆ ಸೇರಿಸಿ ಪೂಜಿಸುವ ಪದ್ಧತಿ ಹಿಂದಿನಿಂದಲೂ ಇತ್ತು. ಟಾಲೆಮಿಗಳು ಅದೇ ದೇವರಿಗೆ ಗ್ರೀಕರು ಒಪ್ಪುವ ರೂಪ ಕೊಟ್ಟರು: ತುಂಬು ಗಡ್ಡ, ತಲೆಯ ಮೇಲೆ ಧಾನ್ಯ ಅಳೆಯುವ ಕೊಳಗ, ಕಾಲ ಬಳಿ ಪಾತಾಳವನ್ನು ಕಾಯುವ ಮೂರು ತಲೆಯ ನಾಯಿ. 1943ರ ಉತ್ಖನನದಲ್ಲಿ ಮೂರನೆಯ ಟಾಲೆಮಿ ಅಡಿಪಾಯದಲ್ಲಿ ಇಡಿಸಿದ್ದ ಚಿಕ್ಕ ಫಲಕಗಳು ದೊರೆತವು. ಚಿನ್ನ, ಬೆಳ್ಳಿ, ಕಂಚು, ಗಾಜು, ಮಣ್ಣು ಮುಂತಾದವುಗಳಿಂದ ಮಾಡಿದ ಆ ಫಲಕಗಳ ಮೇಲೆ ಗ್ರೀಕ್ ಮತ್ತು ಚಿತ್ರಲಿಪಿ ಎರಡರಲ್ಲಿಯೂ ಬರಹವಿದೆ. ಕಣ್ಣಿಗೆ ಗ್ರೀಕ್ ಆಗಿ ಕಾಣುವ ಗುಡಿಯ ಬುಡದಲ್ಲಿ ಈಜಿಪ್ಟಿನ ಅಡಿಪಾಯ ವಿಧಿ ನಡೆದಿದೆ! ಈ ದೇವಾಲಯವನ್ನು ಕ್ರಿ.ಶ. 391ರ ಸುಮಾರಿಗೆ, ಬಿಷಪ್ ಥಿಯೋಫಿಲಸ್‌ನ ಕಾಲದಲ್ಲಿ ಕೆಡವಲಾಯಿತು. ಇಂದು ಅಲ್ಲಿ ನಿಂತಿರುವ ದೊಡ್ಡ ಕೆಂಪು ಕಲ್ಲಿನ ಕಂಬಕ್ಕೆ ರೋಮನ್ ಸೇನಾನಿ ಪಾಂಪೆಯ ಹೆಸರು ಅಂಟಿಕೊಂಡಿದ್ದರೂ ಅದನ್ನು ನಿಲ್ಲಿಸಿದ್ದು ಚಕ್ರವರ್ತಿ ಡಯೋಕ್ಲೀಷಿಯನ್‌ನ ಗೌರವಾರ್ಥವಾಗಿ, ಕ್ಲಿಯೋಪಾತ್ರಳಿಗಿಂತ ಮುನ್ನೂರು ವರ್ಷಗಳಿಗೂ ತಡವಾಗಿ. ಆಕೆಯ ಕಾಲದ ಯಾವ ಗೇಮಿನಲ್ಲಿಯೂ ಅದು ಕಾಣಿಸಬಾರದು.

ಇನ್ನು ದಿನನಿತ್ಯದ ವ್ಯವಹಾರ. ಮೆಂಫಿಸ್ ಬಳಿಯ ಸಕ್ಕಾರಾದ ಸೆರಾಪಿಯಂ ಆವರಣದಲ್ಲಿ ಅಸ್ಟಾರ್ಟೆ ದೇವಿಯ ಚಿಕ್ಕ ಗುಡಿಯೊಂದಿತ್ತು. ಗ್ಲೌಕಿಯಾಸ್ ಎಂಬ ಮ್ಯಾಸಿಡೋನಿಯನ್ ಸೈನಿಕನ ಮಗ ಟಾಲೆಮಾಯೋಸ್ ಕ್ರಿ.ಪೂ. 172ರ ಸುಮಾರಿನಿಂದ ಹಲವು ವರ್ಷಗಳ ಕಾಲ ದೇವರಿಗೆ ಕಟ್ಟುಬಿದ್ದವನಾಗಿ, ಆವರಣ ಬಿಟ್ಟು ಹೊರಹೋಗದೆ ಅಲ್ಲಿಯೇ ವಾಸವಾಗಿದ್ದ. ಅವನ ಅರ್ಜಿಗಳು, ಕಂಡ ಕನಸುಗಳ ಟಿಪ್ಪಣಿಗಳು ಪಪೈರಸ್ ಹಾಳೆಗಳಲ್ಲಿ ಉಳಿದುಬಂದಿವೆ. ದೇವಾಲಯದ ಕಸ ಗುಡಿಸುವವರು, ರೊಟ್ಟಿ ಸುಡುವವರು ಗುಂಪುಕಟ್ಟಿ ಬಂದು ತನ್ನ ಮೇಲೆ ಕಲ್ಲು ತೂರಿದರೆಂದೂ, ತಾನು ಗ್ರೀಕನೆಂಬುದೇ ಅವರ ದ್ವೇಷಕ್ಕೆ ಕಾರಣವೆಂದೂ ಅವನು ಅಧಿಕಾರಿಗೆ ದೂರು ಬರೆದಿದ್ದಾನೆ. ಅದೇ ಮನುಷ್ಯ ಥೌಯೆಸ್ ಮತ್ತು ತೌಸ್ ಎಂಬ ಈಜಿಪ್ಟಿನ ಅವಳಿ ಹುಡುಗಿಯರಿಗೆ ಆಸರೆ ಕೊಟ್ಟಿದ್ದ. ಅವರ ತಾಯಿ ಗ್ರೀಕನೊಬ್ಬನೊಡನೆ ಸಂಸಾರ ಹೂಡಿ ಮಕ್ಕಳನ್ನು ಕೈಬಿಟ್ಟಿದ್ದಳು. ಕ್ರಿ.ಪೂ. 164ರಲ್ಲಿ ಆಪಿಸ್ ಗೂಳಿ ಸತ್ತಾಗ ಶೋಕವಿಧಿಯಲ್ಲಿ ಐಸಿಸ್ ಮತ್ತು ನೆಫ್ತಿಸ್ ದೇವಿಯರ ಸ್ಥಾನದಲ್ಲಿ ನಿಂತು ಅಳುವ ಸೇವೆ ಆ ಅವಳಿಗಳಿಗೆ ದೊರೆಯಿತು; ಅದಕ್ಕೆ ಸಂಬಳವಾಗಿ ರೊಟ್ಟಿ ಮತ್ತು ಎಣ್ಣೆ ಗೊತ್ತಾಗಿತ್ತು. ಅದು ಸರಿಯಾಗಿ ಕೈಸೇರದಾಗ ಟಾಲೆಮಾಯೋಸ್ ಅವರ ಪರವಾಗಿ ಅರಸ-ಅರಸಿಯರಿಗೇ ಗ್ರೀಕ್ ಭಾಷೆಯಲ್ಲಿ ಅರ್ಜಿ ಹಾಕಿದ.

ಸಿರಿಯಾ ಮೂಲದ ದೇವಿಯ ಗುಡಿಯಲ್ಲಿ ವಾಸವಿದ್ದ ಗ್ರೀಕನೊಬ್ಬ, ಈಜಿಪ್ಟಿನ ಗೂಳಿ ದೇವರಿಗಾಗಿ ಅತ್ತ ಹುಡುಗಿಯರ ಎಣ್ಣೆಯ ಬಾಕಿಗಾಗಿ ಅಧಿಕಾರಿಗಳ ಹಿಂದೆ ಬಿದ್ದ ಈ ಪ್ರಸಂಗಕ್ಕಿಂತ ಉತ್ತಮವಾದ ಕಥಾವಸ್ತು ಗೇಮ್ ಬರೆಯುವವರಿಗೆ ಬೇರೆ ಬೇಕೇ? ಗೋಡೆಗಳನ್ನು ಅಷ್ಟು ಶ್ರದ್ಧೆಯಿಂದ ಕಟ್ಟುವವರು ಆ ಗೋಡೆಗಳೊಳಗಿನ ಇಂತಹ ಬದುಕನ್ನೂ ತೋರಿಸಬೇಕೆಂಬುದು ನನ್ನ ಬಹುದಿನದ ಆಸೆ.

ಹಬೆಯಂತ್ರ

ಎರಡನೆಯ ಪ್ರಶ್ನೆಗೆ ಉತ್ತರಿಸುತ್ತೇನೆ. ಆಧಾರವಿದೆ, ಆದರೆ ಗೇಮ್‌ಗಳು ತೋರಿಸುವ ಪ್ರಮಾಣದಲ್ಲಿ ಅಲ್ಲ. ಕ್ರಿ.ಶ. ಒಂದನೆಯ ಶತಮಾನದಲ್ಲಿ ಅಲೆಕ್ಸಾಂಡ್ರಿಯಾದಲ್ಲಿದ್ದ ಹೀರೋ ಎಂಬ ಯಂತ್ರಜ್ಞ ಗಾಳಿ ಮತ್ತು ನೀರಿನ ಒತ್ತಡದಿಂದ ನಡೆಯುವ ಸಾಧನಗಳ ಬಗ್ಗೆ ಗ್ರಂಥ ಬರೆದಿದ್ದಾನೆ. ಅದರಲ್ಲಿ ಬಲಿಪೀಠದ ಮೇಲೆ ಬೆಂಕಿ ಹೊತ್ತಿಸಿದೊಡನೆ ಬಾಗಿಲು ತೆರೆಯುವ ಗುಡಿಯೊಂದರ ವಿವರಣೆಯಿದೆ. ಬೆಂಕಿಯ ಕಾವಿಗೆ ಪೀಠದೊಳಗಿನ ಗಾಳಿ ಹಿಗ್ಗಿ, ಕೆಳಗಿನ ಗೋಳದಲ್ಲಿರುವ ನೀರನ್ನು ಕೊಳವೆಯ ಮೂಲಕ ತೂಗುಬಿದ್ದ ಪಾತ್ರೆಗೆ ತಳ್ಳುತ್ತದೆ. ಭಾರವಾದ ಪಾತ್ರೆ ಕೆಳಗಿಳಿಯುತ್ತ, ಬಾಗಿಲಿನ ತಿರುಗುಗೂಟಗಳಿಗೆ ಸುತ್ತಿದ ಸರಪಳಿಯನ್ನು ಎಳೆದು ಬಾಗಿಲು ತೆರೆಯುತ್ತದೆ. ಬೆಂಕಿ ಆರಿದಾಗ ಗಾಳಿ ಕುಗ್ಗಿ, ನೀರು ಗೋಳಕ್ಕೆ ಮರಳಿ, ಎದುರುಭಾರ ಬಾಗಿಲನ್ನು ಮುಚ್ಚುತ್ತದೆ. ಹೀರೋ ಹೇಳುತ್ತಿರುವುದು ಚಿಕ್ಕ ಗುಡಿಯ ಬಗ್ಗೆ ಎಂಬುದನ್ನು ಮರೆಯಬಾರದು. ಎಡ್ಫುವಿನಂತಹ ಆಲಯದ ಭಾರಿ ಕದಗಳನ್ನು ಹೀಗೆ ತೆರೆಯಲು ಸಾಧ್ಯವಿರಲಿಲ್ಲ.

ಅದೇ ಗ್ರಂಥದಲ್ಲಿ ನಾಣ್ಯ ಹಾಕಿದರೆ ತೀರ್ಥ ಸುರಿಸುವ ಪಾತ್ರೆಯೂ ಇದೆ. ಐದು ದ್ರಾಕ್ಮಾ ನಾಣ್ಯ ಬೀಳುವುದು ಸನ್ನೆಯ ತುದಿಯಲ್ಲಿರುವ ತಟ್ಟೆಯ ಮೇಲೆ. ತಟ್ಟೆ ಬಾಗಿದಾಗ ಇನ್ನೊಂದು ತುದಿ ಮೇಲೆದ್ದು ನೀರಿನ ಮುಚ್ಚಳ ತೆರೆಯುತ್ತದೆ. ನಾಣ್ಯ ಜಾರಿ ಬಿದ್ದೊಡನೆ ಮುಚ್ಚಳ ಮತ್ತೆ ಕೂರುತ್ತದೆ. ಈಜಿಪ್ಟಿನ ದೇವಾಲಯಗಳ ಬಾಗಿಲಲ್ಲಿ ಒಳಹೋಗುವವರು ಶುದ್ಧಿಗಾಗಿ ತಿರುಗಿಸುವ ಕಂಚಿನ ಚಕ್ರಗಳಿದ್ದವೆಂದೂ ಹೀರೋ ತಿಳಿಸುತ್ತಾನೆ. ಟೂಂಬ್ ರೇಡರ್‌ನಲ್ಲಿ ಅಲೆಕ್ಸಾಂಡ್ರಿಯಾದ ಫಾರೋಸ್ ದ್ವೀಪದ ಐಸಿಸ್ ದೇವಾಲಯ ಒಂದು ಹಂತವಾಗಿಯೇ ಬರುತ್ತದೆ. ಮುಳ್ಳಿನ ಹೊಂಡಗಳ ಬದಲು ಇಂತಹ ಚಕ್ರವೊಂದನ್ನು ಆಟಗಾರರ ಕೈಗೆ ಕೊಟ್ಟಿದ್ದರೆ ಒಗಟೂ ಇರುತ್ತಿತ್ತು, ಇತಿಹಾಸವೂ ಉಳಿಯುತ್ತಿತ್ತು.

ಮರಳುಹಾದಿ

ಮೂವರಿಗೂ ಹೃತ್ಪೂರ್ವಕ ಧನ್ಯವಾದಗಳು. ಅವಳಿ ಹುಡುಗಿಯರ ವೃತ್ತಾಂತ ಮನಸ್ಸಿಗೆ ಬಹಳ ತಟ್ಟಿತು. ಇನ್ನೊಂದು ವಿಷಯ ಕೇಳಬೇಕೆನಿಸುತ್ತಿದೆ: ಗೇಮಿನಲ್ಲಿ ನಾವು ಯಾರ ಅಡ್ಡಿಯೂ ಇಲ್ಲದೆ ಗರ್ಭಗುಡಿಯವರೆಗೆ ನಡೆದುಬಿಡುತ್ತೇವೆ, ಹೆಚ್ಚೆಂದರೆ ಕಾವಲುಗಾರರ ಕಣ್ಣು ತಪ್ಪಿಸಿದರೆ ಸಾಕು. ಆ ಕಾಲದ ಸಾಮಾನ್ಯ ಜನರಿಗೆ ಎಲ್ಲಿಯವರೆಗೆ ಪ್ರವೇಶವಿತ್ತು? ಒಳಗೆ ಬಿಡದಿದ್ದರೆ ಅವರು ಪ್ರಾರ್ಥಿಸುತ್ತಿದ್ದುದಾದರೂ ಎಲ್ಲಿ?

ಶಿಲಾಲೇಖ

ಬಹಳ ಮುಖ್ಯವಾದ ಪ್ರಶ್ನೆ. ಗೇಮ್‌ಗಳು ಹೆಚ್ಚಾಗಿ ಎಡವುವುದು ಇಲ್ಲಿಯೇ. ಎಡ್ಫು, ಡೆಂಡೆರಾಗಳಲ್ಲಿ ಮಹಾದ್ವಾರದಿಂದ ಒಳಗೊಳಗೆ ಹೋದಂತೆಲ್ಲ ನೆಲ ಸ್ವಲ್ಪ ಸ್ವಲ್ಪವೇ ಏರುತ್ತದೆ, ಚಾವಣಿ ತಗ್ಗುತ್ತದೆ, ಬೆಳಕು ಕಡಿಮೆಯಾಗುತ್ತದೆ. ಕೊನೆಯಲ್ಲಿ ಗರ್ಭಗುಡಿ ಬಹುಮಟ್ಟಿಗೆ ಕತ್ತಲೆಯೇ. ಶುದ್ಧಿವಿಧಿ ಮುಗಿಸಿದ ಅರ್ಚಕರಿಗೆ ಮಾತ್ರ ಒಳಗೆ ಪ್ರವೇಶವಿತ್ತು; ಸಾಮಾನ್ಯರು ಹಬ್ಬದ ದಿನಗಳಲ್ಲಿ ಹೊರ ಅಂಗಳದವರೆಗೆ ಬರಬಹುದಾಗಿತ್ತು. ಅದಕ್ಕಾಗಿಯೇ ಉತ್ಸವಗಳಿಗೆ ಅಷ್ಟು ಮಹತ್ವ. ಡೆಂಡೆರಾದ ಹಾಥೋರ್ ವರ್ಷಕ್ಕೊಮ್ಮೆ ದೋಣಿಯೇರಿ ನದಿಯ ಮೇಲ್ಭಾಗಕ್ಕೆ ಸಾಗಿ ಎಡ್ಫುವಿನ ಹೋರಸ್‌ನನ್ನು ಕೂಡುತ್ತಿದ್ದಳು, ದಾರಿಯುದ್ದಕ್ಕೂ ಜನ ದಡದಲ್ಲಿ ಸೇರುತ್ತಿದ್ದರು. ‘ಫೇರೋ’ ಎಂಬ 1999ರ ನಗರ ನಿರ್ಮಾಣದ ಗೇಮ್ ಉತ್ಸವ ಮಾಡಿಸದಿದ್ದರೆ ದೇವತೆಗಳು ಮುನಿಯುತ್ತಾರೆಂಬ ನಿಯಮವಿಟ್ಟು, ಸರಳವಾಗಿಯಾದರೂ ಇದರ ಸುಳಿವು ಹಿಡಿದಿತ್ತು. 2002ರ ‘ಏಜ್ ಆಫ್ ಮೈಥಾಲಜಿ’ಯಲ್ಲಿ ಗ್ರೀಕರು ಗುಡಿಯ ಮುಂದೆ ಪ್ರಾರ್ಥಿಸಿ ದೇವರ ಕೃಪೆ ಗಳಿಸಿದರೆ ಈಜಿಪ್ಟಿನವರು ಸ್ಮಾರಕ ಕಟ್ಟಿ ಗಳಿಸುತ್ತಾರೆ. ಆಟಕ್ಕೆ ಅದು ಒಪ್ಪುತ್ತದೆ, ಆದರೆ ಸೆರಾಪಿಸ್‌ನಂತಹ ದೇವರಿಗೆ ಆ ವಿಭಜನೆಯಲ್ಲಿ ಜಾಗವೇ ಇಲ್ಲ.

ಪ್ರಾರ್ಥನೆಯ ಸ್ಥಳದ ಬಗ್ಗೆ ಕೇಳಿದಿರಿ. ಡೆಂಡೆರಾದ ಹಿಂಬದಿಯ ಹೊರಗೋಡೆಯಲ್ಲಿ, ಸರಿಯಾಗಿ ಗರ್ಭಗುಡಿಯ ನೇರಕ್ಕೆ, ಹಾಥೋರ್‌ಳ ದೊಡ್ಡ ಮುಖವನ್ನು ಕೆತ್ತಲಾಗಿದೆ. ಒಳಗೆ ಹೋಗಲಾಗದವರು ಅಲ್ಲಿ ನಿಂತು ದೇವಿಗೆ ಮೊರೆಯಿಡುತ್ತಿದ್ದರು. ಕೋಮ್ ಒಂಬೊದ ಹಿಂಗೋಡೆಯಲ್ಲಿಯೂ ಹೀಗೆಯೇ ಮೊರೆ ಆಲಿಸುವ ಕಿವಿಗಳನ್ನು ಕೆತ್ತಿದ್ದಾರೆ. ಭಕ್ತರು ಕಲ್ಲನ್ನು ಕೆರೆದು ಅದರ ಪುಡಿಯನ್ನು ಒಯ್ಯುತ್ತಿದ್ದುದರಿಂದ ಡೆಂಡೆರಾದ ಆ ಮುಖ ಸವೆದುಹೋಗಿದೆ. ಅದೇ ಗೋಡೆಯ ಎರಡೂ ತುದಿಗಳಲ್ಲಿ ಕ್ಲಿಯೋಪಾತ್ರ ಮತ್ತು ಆಕೆಯ ಮಗ ಸಿಸೇರಿಯನ್ ದೇವತೆಗಳಿಗೆ ಕಾಣಿಕೆ ಅರ್ಪಿಸುವ ಬೃಹತ್ ಉಬ್ಬುಶಿಲ್ಪಗಳಿವೆ. ಕ್ಲಿಯೋಪಾತ್ರಳ ಈಜಿಪ್ಟನ್ನು ಮತ್ತೆ ಯಾರಾದರೂ ಗೇಮಿನಲ್ಲಿ ಕಟ್ಟುವುದಾದರೆ ಆಟಗಾರರನ್ನು ಮೊದಲು ಈ ಹಿಂಬದಿಯ ಅಂಗಳಕ್ಕೆ ಕರೆತರಲಿ, ಗರ್ಭಗುಡಿಯ ಬಾಗಿಲನ್ನು ಮುಚ್ಚಿಯೇ ಇಡಲಿ.