ಎಚ್-4 ಇಎಡಿ: ಹಳೇ ಕಂಪನಿಯ ಐ-140, ಕನ್ನಡದ ಮದುವೆ ಸರ್ಟಿಫಿಕೇಟು, ಸರ್‌ನೇಮ್ ಇಲ್ಲದ ಪಾಸ್‌ಪೋರ್ಟು

ಕಿತ್ತಳೆ_ಸಿಪ್ಪೆ
ಎಲ್ಲರಿಗೂ ನಮಸ್ಕಾರ. ಅಮೆರಿಕದಲ್ಲಿ ಎಚ್-4ರಲ್ಲಿ (ಎಚ್-1ಬಿ ಕೆಲಸದ ವೀಸಾದಲ್ಲಿರುವವರ ಸಂಗಾತಿಯ ವೀಸಾ) ಇದ್ದೇನೆ, ಮೊದಲ ಸಲ ಇಎಡಿಗೆ, ಅಂದರೆ ಕೆಲಸ ಮಾಡಲು ಬೇಕಾದ ಪರವಾನಗಿ ಕಾರ್ಡಿಗೆ, ಅರ್ಜಿ ಹಾಕಬೇಕು. ಯಜಮಾನರ ಐ-140 (ಗ್ರೀನ್ ಕಾರ್ಡಿಗಾಗಿ ಕಂಪನಿ ಹಾಕುವ ಅರ್ಜಿ) ಮಂಜೂರಾಗಿದ್ದು ಹಿಂದಿನ ಕಂಪನಿಯಲ್ಲಿ. ಈಗಿನ ಕಂಪನಿ ಗ್ರೀನ್ ಕಾರ್ಡ್ ಕೆಲಸ ಇನ್ನೂ ಶುರು ಮಾಡಿಲ್ಲ. ಹಳಬರು ಅಪ್ರೂವಲ್ ನೋಟಿಸಿನ ಪ್ರತಿ ಕೊಡಲಿಲ್ಲ, ಕೈಯಲ್ಲಿರುವುದು ರಶೀದಿ ನಂಬರ್ ಮಾತ್ರ. ಮದುವೆ ಸರ್ಟಿಫಿಕೇಟು ಸಬ್ ರಿಜಿಸ್ಟ್ರಾರ್ ಆಫೀಸಿನದು, ಕನ್ನಡದಲ್ಲಿದೆ. ಪಾಸ್‌ಪೋರ್ಟಿನಲ್ಲಿ ಸರ್‌ನೇಮ್ ಜಾಗ ಖಾಲಿ. ಇದರಲ್ಲಿ ಯಾವುದು ತೊಡಕು? ಕಾರ್ಡು ಎಷ್ಟು ಕಾಲಕ್ಕೆ ಸಿಗುತ್ತದೆ?

ಡಲ್ಲಾಸ್_ಡಬ್ಬಿ
ಐ-140 ಹಳೇ ಕಂಪನಿಯದಾದರೂ ನಡೆಯುತ್ತದೆ. ನೋಡಬೇಕಾದ್ದು ಒಂದೇ: ಮಂಜೂರಾಗಿ 180 ದಿನ ಆಗಿತ್ತಾ? ಆಮೇಲೆ ಕಂಪನಿ ವಾಪಸ್ ತೆಗೆದುಕೊಂಡರೂ, ಮುಚ್ಚಿಹೋದರೂ, ಆ ಕಾರಣಕ್ಕೇ ಐ-140 ರದ್ದಾಗುವುದಿಲ್ಲ. 2017ರ ಜನವರಿ 17ರಿಂದ ಇದೇ ನಿಯಮ. 180 ದಿನದೊಳಗೇ ವಾಪಸ್ ತೆಗೆದಿದ್ದರೆ ಇಎಡಿಗೆ ಅದು ಉಪಯೋಗಕ್ಕೆ ಬರುವುದಿಲ್ಲ, ಹೊಸ ಕಂಪನಿಯದಕ್ಕೇ ಕಾಯಬೇಕು. ಮೋಸ ಅಥವಾ ತಪ್ಪು ಮಾಹಿತಿಯ ಕಾರಣಕ್ಕೆ ಸರ್ಕಾರವೇ ರದ್ದು ಮಾಡಿದ್ದರೆ ಮಾತು ಬೇರೆ.

ನೋಟಿಸಿನ ಪ್ರತಿ ಇಲ್ಲ ಅಂತ ಕೈಕಟ್ಟಿ ಕೂರಬೇಡಿ. ಯಜಮಾನರು ತಮ್ಮ ಹೆಸರಿನಲ್ಲೇ ಯುಎಸ್‌ಸಿಐಎಸ್‌ಗೆ (ಅಮೆರಿಕದ ವಲಸೆ ಇಲಾಖೆಗೆ) ಮಾಹಿತಿ ಹಕ್ಕಿನ ಅರ್ಜಿ, ಅಂದರೆ ಎಫ್‌ಓಐಎ, ಆನ್‌ಲೈನ್‌ನಲ್ಲೇ ಹಾಕಬಹುದು. ತಿಂಗಳುಗಟ್ಟಲೆ ಹಿಡಿದರೂ ಹಿಡಿಯಬಹುದು, ಆದ್ದರಿಂದ ಇವತ್ತೇ ಹಾಕಿ. ಅಲ್ಲಿಯವರೆಗೆ ರಶೀದಿ ನಂಬರಿನ ಕೇಸ್ ಸ್ಟೇಟಸ್ ಪುಟದ ಪ್ರಿಂಟು, ಜೊತೆಗೆ ಪ್ರತಿ ಯಾಕೆ ಸಿಕ್ಕಿಲ್ಲ, ಪಡೆಯಲು ಏನೇನು ಮಾಡಿದಿರಿ ಅಂತ ಒಂದು ಪುಟದ ವಿವರಣೆ ಇಟ್ಟು ಕಳಿಸಬಹುದು. ಆರ್‌ಎಫ್‌ಇ, ಅಂದರೆ ಇನ್ನಷ್ಟು ದಾಖಲೆ ಕೇಳುವ ಪತ್ರ, ಬರುವ ಸಾಧ್ಯತೆ ಇದ್ದೇ ಇದೆ.

ಇನ್ನೊಂದು ದಾರಿಯನ್ನು ಬಹಳ ಜನ ಮರೆಯುತ್ತಾರೆ. ಐ-140 ಇಲ್ಲದಿದ್ದರೂ, ಪರ್ಮ್ (ಐ-140ಕ್ಕೆ ಮೊದಲು ಕಂಪನಿ ಕಾರ್ಮಿಕ ಇಲಾಖೆಗೆ ಹಾಕುವ ಅರ್ಜಿ) ಹಾಕಿ 365 ದಿನ ಕಳೆದ ಆಧಾರದ ಮೇಲೆ ಯಜಮಾನರ ಎಚ್-1ಬಿ ಆರು ವರ್ಷ ದಾಟಿ ವಿಸ್ತರಣೆ ಆಗಿದ್ದರೆ ಹೆಂಡತಿಗೆ ಇಎಡಿ ಅರ್ಹತೆ ಇದೆ. ನಿಮಗೆ ಈಗ ಅದು ಹೊಂದುವುದಿಲ್ಲ, ಓದುವ ಬೇರೆಯವರಿಗೆ ಬೇಕಾದೀತು.

ಮಸಾಲೆಪುರಿ
ಫಾರಂ ಐ-765, ವರ್ಗ (ಸಿ)(26). ಎರಡನೇ ಭಾಗದ 29ನೇ ಕಲಂನಲ್ಲಿ ಕೇಳುವ ರಶೀದಿ ನಂಬರ್ ಐ-140ರದ್ದಲ್ಲ. ಯಜಮಾನರ ಇತ್ತೀಚಿನ ಎಚ್-1ಬಿ ನೋಟಿಸಿನದು (ಐ-797). ಕಂಪನಿ ಬದಲಾಗಿರುವುದರಿಂದ ಈಗಿನ ಕಂಪನಿಯ ಐ-797ರ ನಂಬರ್ ಬರೆಯಿರಿ. ಹಳೆಯದನ್ನು ಬರೆದು ಆರ್‌ಎಫ್‌ಇ ತಂದುಕೊಳ್ಳುವುದು ಮಾಮೂಲಿ ತಪ್ಪು. ಸೋಶಿಯಲ್ ಸೆಕ್ಯುರಿಟಿ ನಂಬರ್ ಇಲ್ಲದಿದ್ದರೆ ಅದೇ ಫಾರಂನಲ್ಲಿ ಬೇಕು ಅಂತ ಗುರುತು ಹಾಕಿ, ಕೆಳಗಿನ ಒಪ್ಪಿಗೆಗೂ ‘ಹೌದು’ ಅನ್ನಿ. ಎರಡನೆಯದನ್ನು ಬಿಟ್ಟರೆ ಸೋಶಿಯಲ್ ಸೆಕ್ಯುರಿಟಿ ಆಫೀಸಿಗೆ ಓಡಾಡಬೇಕಾಗುತ್ತದೆ.

ಕಾಗದದ ಅರ್ಜಿಗೆ ಫೀ 520 ಡಾಲರ್, 2024ರ ಏಪ್ರಿಲ್ 1ರಿಂದ. ಬಯೋಮೆಟ್ರಿಕ್ಸ್‌ಗೆ ಬೇರೆ ದುಡ್ಡಿಲ್ಲ. 2025ರ ಅಕ್ಟೋಬರ್ 28ರ ನಂತರ ಚೆಕ್ಕು, ಮನಿ ಆರ್ಡರ್ ತೆಗೆದುಕೊಳ್ಳುತ್ತಿಲ್ಲ. ಕಾರ್ಡಾದರೆ ಜಿ-1450, ಬ್ಯಾಂಕ್ ಖಾತೆಯಿಂದಾದರೆ ಜಿ-1650 ತುಂಬಿ ಮೇಲಿಡಬೇಕು. ಐ-539 (ಎಚ್-4 ವಿಸ್ತರಣೆಯ ಅರ್ಜಿ) ಜೊತೆಗೆ ಹಾಕುವುದಾದರೆ ಒಂದೊಂದು ಫಾರಂಗೂ ಬೇರೆ ಬೇರೆ ಪಾವತಿ ಚೀಟಿ. ಎರಡರ ಮೊತ್ತ ಕೂಡಿಸಿ ಒಂದೇ ಚೀಟಿ ಇಟ್ಟರೆ ಇಡೀ ಕಟ್ಟು ವಾಪಸ್. ಬ್ಯಾಂಕು ಕಾರ್ಡಿನ ವ್ಯವಹಾರ ತಡೆಹಿಡಿದರೂ ಅದೇ ಗತಿ. ಖಾತೆಯಲ್ಲಿ ಹಣ, ಕಾರ್ಡಿನಲ್ಲಿ ಮಿತಿ ಎರಡನ್ನೂ ನೋಡಿಕೊಳ್ಳಿ.

ವಾಪಸ್ ಬರುವ ಉಳಿದ ಕಾರಣಗಳು ಚಿಲ್ಲರೆಯವು, ಆದರೆ ವಾರಗಟ್ಟಲೆ ತಿನ್ನುತ್ತವೆ: ಹಳೇ ಆವೃತ್ತಿಯ ಫಾರಂ, ಎರಡು ಆವೃತ್ತಿಯ ಪುಟಗಳ ಬೆರಕೆ, ಟೈಪ್ ಮಾಡಿದ ಸಹಿ, ತಪ್ಪು ಲಾಕ್‌ಬಾಕ್ಸ್ (ಅರ್ಜಿ ಸ್ವೀಕರಿಸುವ ಕೇಂದ್ರ) ವಿಳಾಸ. ಐ-765 ಒಂದೇ ಕಳಿಸುವಾಗಿನ ವಿಳಾಸ ಬೇರೆ, ಐ-539 ಜೊತೆ ಕಳಿಸುವಾಗಿನದು ಬೇರೆ ಇರಬಹುದು. ಕಳಿಸುವ ದಿನವೇ ವೆಬ್‌ಸೈಟಿನಲ್ಲಿ ನೋಡಿ ಬರೆಯಿರಿ.

ಹಾಸನದ_ಆಲೂಗಡ್ಡೆ
ಮದುವೆ ಸರ್ಟಿಫಿಕೇಟಿಗೆ ಇಂಗ್ಲಿಷ್ ಅನುವಾದ ಕಡ್ಡಾಯ. ನೋಟರಿ ಬೇಡ, ಏಜೆನ್ಸಿಯೂ ಬೇಡ. ಎರಡೂ ಭಾಷೆ ಬಲ್ಲ ಯಾರಾದರೂ ಮಾಡಬಹುದು. ನೀವು, ಯಜಮಾನರು ಬಿಟ್ಟು ಮೂರನೆಯವರಾದರೆ ಒಳ್ಳೆಯದು. ‘ಅನುವಾದ ಪೂರ್ಣ ಹಾಗೂ ಸರಿಯಾಗಿದೆ, ಕನ್ನಡದಿಂದ ಇಂಗ್ಲಿಷಿಗೆ ಅನುವಾದಿಸುವ ಸಾಮರ್ಥ್ಯ ನನಗಿದೆ’ ಅಂತ ಅವರು ಇಂಗ್ಲಿಷಿನಲ್ಲಿ ಬರೆದು ಹೆಸರು, ವಿಳಾಸ, ಸಹಿ, ತಾರೀಖು ಹಾಕಬೇಕು. ಮೊಹರಿನಲ್ಲಿರುವ ಅಕ್ಷರ, ಅಂಚಿನ ಷರಾ ಸಮೇತ ಅನುವಾದವಾಗಬೇಕು. ಸಾರಾಂಶ ಬರೆದು ಕಳಿಸಿದರೆ ಒಪ್ಪುವುದಿಲ್ಲ. ಲಗ್ನಪತ್ರಿಕೆ, ಕಲ್ಯಾಣ ಮಂಟಪದ ರಶೀದಿ ಇವೆಲ್ಲ ಸರ್ಟಿಫಿಕೇಟಿನ ಬದಲಿಗೆ ಅಲ್ಲ.

ನಮ್ಮ ಕಡೆಯ ಇನಿಷಿಯಲ್ಲಿನ ಪದ್ಧತಿ ಇಲ್ಲಿ ಕಾಟ ಕೊಡುತ್ತದೆ. ಸರ್ಟಿಫಿಕೇಟಿನಲ್ಲಿ ಹೆಸರಿನ ಹಿಂದೆ ಎರಡಕ್ಷರ, ಪಾಸ್‌ಪೋರ್ಟಿನಲ್ಲಿ ಊರು, ಅಪ್ಪನ ಹೆಸರು ಬಿಡಿಸಿ ಬರೆದಿದ್ದರೆ, ಎರಡೂ ಒಬ್ಬರದೇ ಅನ್ನುವ ಅಫಿಡವಿಟ್ ಇಡಿ. ಸರ್‌ನೇಮ್ ಖಾಲಿ ಇದ್ದವರಿಗೆ ವೀಸಾದಲ್ಲಿ ನಿಮ್ಮ ಹೆಸರೇ ಸರ್‌ನೇಮ್ ಆಗಿ, ಮೊದಲ ಹೆಸರಿನ ಜಾಗದಲ್ಲಿ ‘ಎಫ್‌ಎನ್‌ಯು’ (ಮೊದಲ ಹೆಸರು ಗೊತ್ತಿಲ್ಲ ಅನ್ನುವ ಸಂಕೇತ) ಬಂದಿರುತ್ತದೆ. ಫಾರಂನಲ್ಲೂ ಐ-94ರಲ್ಲಿ (ದೇಶದೊಳಗೆ ಎಲ್ಲಿಯವರೆಗೆ ಇರಬಹುದು ಅನ್ನುವ ದಾಖಲೆ) ಇದ್ದಂತೆಯೇ ಬರೆಯಿರಿ. ಅಂದ ನೋಡಿ ತಿದ್ದಲು ಹೋದರೆ ದಾಖಲೆ ತಾಳೆಯಾಗುವುದಿಲ್ಲ. ಕಾರ್ಡಿನ ಮೇಲೂ ‘ಎಫ್‌ಎನ್‌ಯು’ ಬರುತ್ತದೆ, ಕೆಲಸಕ್ಕೆ ಅಡ್ಡಿಯಿಲ್ಲ. ಮುಂದೆ ಪಾಸ್‌ಪೋರ್ಟ್ ನವೀಕರಿಸುವಾಗ ಹೆಸರು ಒಡೆದು ಬರೆಸಿಕೊಂಡರೆ, ಆಮೇಲಿನ ವೀಸಾ, ಐ-94ರಿಂದ ಸರಿಹೋಗುತ್ತದೆ.

ಡಲ್ಲಾಸ್_ಡಬ್ಬಿ
ಕಾರ್ಡು ಎಷ್ಟು ಕಾಲ ಅಂದಿರಲ್ಲ, ಅದರ ಲಗಾಮು ಐ-94ರ ಕೈಯಲ್ಲಿದೆ. ನಿಮ್ಮ ಎಚ್-4 ಐ-94 ಎಲ್ಲಿಯವರೆಗೋ ಕಾರ್ಡು ಅಲ್ಲಿಯವರೆಗೆ. ಶುರು ಮಾತ್ರ ಮಂಜೂರಾದ ದಿನದಿಂದ, ಹಿಂದಿನ ತಾರೀಖಿನಿಂದ ಕೊಡುವುದಿಲ್ಲ. ಐ-94ರಲ್ಲಿ ಎಂಟು ತಿಂಗಳು ಉಳಿದಿದ್ದು ಮಂಜೂರಾತಿಗೆ ಐದು ತಿಂಗಳು ಹಿಡಿದರೆ, 520 ಡಾಲರ್ ಕೊಟ್ಟು ಮೂರು ತಿಂಗಳ ಕಾರ್ಡು. ಆಗ ಯಜಮಾನರ ಎಚ್-1ಬಿ ವಿಸ್ತರಣೆಯ ಜೊತೆಗೇ ಐ-539, ಐ-765 ಹಾಕುವುದು ಜಾಣತನ.

ಪಾಸ್‌ಪೋರ್ಟಿನ ಗಡುವು ಹತ್ತಿರವಿದ್ದಾಗ ಊರಿಗೆ ಹೋಗಿಬಂದವರು ಎಚ್ಚರ. ಪಾಸ್‌ಪೋರ್ಟ್ 2027ರ ಮಾರ್ಚಿಗೆ ಮುಗಿಯುವುದಾದರೆ, ಎಚ್-1ಬಿ 2028ರ ಅಕ್ಟೋಬರ್‌ವರೆಗೆ ಇದ್ದರೂ ವಿಮಾನ ನಿಲ್ದಾಣದಲ್ಲಿ ಐ-94 ಮಾರ್ಚಿಗೇ ಕತ್ತರಿಸುತ್ತಾರೆ. ಸಾಮಾನ್ಯವಾಗಿ ಕೊನೆಯಲ್ಲಿ ಸಿಕ್ಕಿದ ಐ-94 ಹಿಂದಿನದನ್ನು ಮೀರುತ್ತದೆ. ಇಳಿದ ದಿನವೇ ಸಿಬಿಪಿ (ಗಡಿ ತಪಾಸಣೆ ಇಲಾಖೆ) ವೆಬ್‌ಸೈಟಿನಲ್ಲಿ ತೆಗೆದು ನೋಡಿ.

ಕಿತ್ತಳೆ_ಸಿಪ್ಪೆ
ಬಹಳ ಉಪಕಾರ. ನವೀಕರಣಕ್ಕೆ ಹಾಕಿದ ಮೇಲೆ 540 ದಿನ ತಾನಾಗಿ ಮುಂದುವರಿಯುತ್ತದೆ ಅಂತ ಕೇಳಿದ್ದೆ, ನಿಜವೇ?

ಮಸಾಲೆಪುರಿ
ಈಗಿಲ್ಲ. 2025ರ ಅಕ್ಟೋಬರ್ 30ರಿಂದ ಈಚೆಗೆ ಹಾಕಿದ ನವೀಕರಣಕ್ಕೆ ಆ ಸವಲತ್ತು ತೆಗೆದಿದ್ದಾರೆ. ಹಳೇ ಕಾರ್ಡು ಮುಗಿದ ಮಾರನೇ ದಿನ ಹೊಸ ಕಾರ್ಡು ಮಂಜೂರಾಗಿರದಿದ್ದರೆ ಕೆಲಸ ನಿಲ್ಲಿಸಲೇಬೇಕು. ಸಂಬಳ ಬೇಡ, ಸುಮ್ಮನೆ ಮಾಡಿಕೊಡುತ್ತೇನೆ ಅನ್ನುವುದೂ ಬೇಡ, ಅದೂ ಕೆಲಸವೇ. ಸಂಬಳವಿಲ್ಲದ ರಜೆ ಕೊಡುತ್ತಾರಾ ಅಂತ ಕಂಪನಿಯನ್ನು ಮೊದಲೇ ಕೇಳಿಟ್ಟುಕೊಳ್ಳಿ.

ನವೀಕರಣವನ್ನು 180 ದಿನ ಮೊದಲೇ ಹಾಕಬಹುದು, ಎಚ್-1ಬಿ ವಿಸ್ತರಣೆಯೂ ಆರು ತಿಂಗಳು ಮೊದಲೇ. ಲೆಕ್ಕ ಅಲ್ಲಿಗೆ ಕೂಡುತ್ತದೆ, ಕಂಪನಿಯ ವಕೀಲರು ಕೊನೆಯ ತಿಂಗಳವರೆಗೆ ಎಳೆಯದಿದ್ದರೆ. ಯಜಮಾನರ ಅರ್ಜಿಗೆ ಪ್ರೀಮಿಯಂ (ಬೇಗ ತೀರ್ಮಾನಿಸಲು ಹೆಚ್ಚುವರಿ ಶುಲ್ಕ) ಕಟ್ಟಬಹುದು, ನಿಮ್ಮ ಐ-539, ಐ-765ಕ್ಕೆ ಆ ಸೌಲಭ್ಯವಿಲ್ಲ. ಎಚ್-1ಬಿ ಬೇಗ ಮಂಜೂರು ಮಾಡಿಸಿ, ಊರಿಗೆ ಹೋಗಿ ಚೆನ್ನೈ ಇಲ್ಲವೇ ಹೈದರಾಬಾದಿನಲ್ಲಿ ಸ್ಟಾಂಪಿಂಗ್ (ಪಾಸ್‌ಪೋರ್ಟಿಗೆ ವೀಸಾ ಹಾಕಿಸಿಕೊಳ್ಳುವುದು) ಮುಗಿಸಿ ಬಂದರೆ ಹೊಸ ಐ-94 ಸಿಗುತ್ತದೆ, ಆಮೇಲೆ ಐ-765 ಒಂದೇ ಹಾಕಿದರಾಯಿತು. ಈಚೆಗೆ ಈ ದಾರಿಯೂ ಇಕ್ಕಟ್ಟಾಗಿದೆ: 2025ರ ಡಿಸೆಂಬರ್ 15ರಿಂದ ಎಚ್-1ಬಿ, ಎಚ್-4 ಇಬ್ಬರದೂ ಸೋಶಿಯಲ್ ಮೀಡಿಯಾ ಖಾತೆ ನೋಡುತ್ತಿದ್ದಾರೆ, ಆಗ ಎಷ್ಟೋ ಜನರ ಸಂದರ್ಶನ ತಿಂಗಳುಗಟ್ಟಲೆ ಮುಂದೆ ಹೋಯಿತು. ವಾಪಸ್ ಟಿಕೆಟ್ಟಿನ ಧೈರ್ಯದ ಮೇಲೆ ಹೊರಡಬೇಡಿ.

ಹಾಸನದ_ಆಲೂಗಡ್ಡೆ
ಮನೆ ಬದಲಿಸುವ ಯೋಚನೆ ಇದ್ದರೆ ಒಂದು ಮಾತು. ಪೋಸ್ಟ್ ಆಫೀಸಿನಲ್ಲಿ ವಿಳಾಸ ಬದಲಿಸಿದರೂ ಯುಎಸ್‌ಸಿಐಎಸ್ ಕಾರ್ಡು ಹೊಸ ಮನೆಗೆ ಬರುವುದಿಲ್ಲ, ಕಳಿಸಿದಲ್ಲಿಗೇ ವಾಪಸ್ ಹೋಗುತ್ತದೆ. ಹತ್ತು ದಿನದೊಳಗೆ ಎಆರ್-11 (ವಿಳಾಸ ಬದಲಾವಣೆಯ ಫಾರಂ) ಆನ್‌ಲೈನ್‌ನಲ್ಲಿ ತುಂಬಿ. ಅಪಾರ್ಟ್‌ಮೆಂಟಿನ ಟಪಾಲು ಡಬ್ಬಿಯ ಮೇಲೆ ನಿಮ್ಮ ಹೆಸರೂ ಇರಲಿ. ಬರೀ ಯಜಮಾನರ ಹೆಸರಿದ್ದರೆ ಕಾರ್ಡು ವಾಪಸ್ ಹೋದೀತು.