ಎಲ್. ವೈದ್ಯನಾಥನ್: ಮಾಲ್ಗುಡಿಯ ರಾಗ ಎಲ್ಲರಿಗೂ ಗೊತ್ತು, ಅದನ್ನು ಕಟ್ಟಿದವರ ಹೆಸರೇಕೆ ಹಿಂದುಳಿಯಿತು?

ಪ್ರಶ್ನೆ:
ಎಂಬತ್ತರ ದಶಕದಲ್ಲಿ ದೂರದರ್ಶನ ನೋಡಿದವರಿಗೆ ಶಂಕರ್ ನಾಗ್ ನಿರ್ದೇಶನದ ‘ಮಾಲ್ಗುಡಿ ಡೇಸ್’ ಧಾರಾವಾಹಿಯ ಆರಂಭದ ಆಲಾಪವನ್ನು ನೆನಪಿಸಬೇಕಾಗಿಲ್ಲ. ಆರ್.ಕೆ. ಲಕ್ಷ್ಮಣ್ ಅವರ ರೇಖಾಚಿತ್ರಗಳ ಜೊತೆಗೆ ಕೇಳಿಬರುತ್ತಿದ್ದ ಆ ರಾಗವನ್ನು ಇಂದಿಗೂ ಅನೇಕರು ಗುನುಗುತ್ತಾರೆ. ಆದರೆ ಅದರ ಸಂಯೋಜಕ ಎಲ್. ವೈದ್ಯನಾಥನ್ ಎಂದು ಹೇಳಬಲ್ಲವರು ಕಡಿಮೆ. ಚಲನಚಿತ್ರ, ಕಿರುತೆರೆ ಎರಡರಲ್ಲೂ ಕೆಲಸ ಮಾಡಿದ ಅವರ ವೃತ್ತಿಜೀವನವನ್ನು ಬಲ್ಲವರು ದಯವಿಟ್ಟು ವಿವರವಾಗಿ ಬರೆಯಬೇಕಾಗಿ ವಿನಂತಿ. ಹಾಡುಗಳಿಗಿಂತ ಹಿನ್ನೆಲೆ ಸಂಗೀತದಲ್ಲೇ ಅವರ ಪ್ರತಿಭೆ ಹೆಚ್ಚು ಬೆಳಗಿತು ಎಂಬ ನನ್ನ ಅನಿಸಿಕೆ ಸರಿಯೇ?

ಮೊದಲ ಉತ್ತರ:
ಅವರ ಮನೆತನದಿಂದಲೇ ಆರಂಭಿಸುವುದು ಒಳ್ಳೆಯದು. ತಂದೆ ವಿ. ಲಕ್ಷ್ಮೀನಾರಾಯಣ ಅವರು ಪಿಟೀಲು ವಿದ್ವಾಂಸರು, ತಮ್ಮಂದಿರಾದ ಎಲ್. ಸುಬ್ರಹ್ಮಣ್ಯಂ ಮತ್ತು ಎಲ್. ಶಂಕರ್ ಇಬ್ಬರೂ ಪಿಟೀಲಿನಿಂದಲೇ ವಿಶ್ವಖ್ಯಾತಿ ಪಡೆದವರು. 1942ರಲ್ಲಿ ಹುಟ್ಟಿದ ವೈದ್ಯನಾಥನ್ ಅಣ್ಣನಾಗಿ ಅದೇ ವಾದ್ಯದಲ್ಲಿ ಪಳಗಿದ್ದರೂ ಕಛೇರಿಯ ವೇದಿಕೆಗಿಂತ ಚಿತ್ರರಂಗದತ್ತ ಹೊರಳಿದರು. ಅಲ್ಲಿ ಕನ್ನಡ ಚಿತ್ರಗಳ ಸಂಗೀತ ನಿರ್ದೇಶಕ ಜಿ.ಕೆ. ವೆಂಕಟೇಶ್ ಅವರ ಸಹಾಯಕರಾಗಿ ದುಡಿದರು. ಇಳಯರಾಜ ಅವರೂ ಪಳಗಿದ್ದು ಅದೇ ಗರಡಿಯಲ್ಲಿ ಎಂಬುದನ್ನು ನೆನೆದರೆ, ಮದ್ರಾಸಿನ ಧ್ವನಿಮುದ್ರಣ ಕೊಠಡಿಗಳಲ್ಲಿ ಕನ್ನಡ ಚಿತ್ರಸಂಗೀತ ಎಂತಹ ಪಾಠಶಾಲೆಯಾಗಿತ್ತು ಎಂಬುದು ಅರಿವಾಗುತ್ತದೆ.

ಹಾಡುಗಳ ವಿಷಯದಲ್ಲಿ ಮಾತ್ರ ನಿಮ್ಮ ಅನಿಸಿಕೆಯನ್ನು ನಾನು ಒಪ್ಪಲಾರೆ. 1978ರ ‘ಅಪರಿಚಿತ’ ಚಿತ್ರಕ್ಕಾಗಿ ವಾಣಿ ಜಯರಾಂ ಹಾಡಿದ ‘ಸವಿನೆನಪುಗಳು ಬೇಕು’ ಅವರದೇ ಸಂಯೋಜನೆ. ತಮಿಳಿನ ‘ಏಳಾವದು ಮನಿದನ್’ ಚಿತ್ರದಲ್ಲಿ ಸುಬ್ರಹ್ಮಣ್ಯ ಭಾರತಿಯವರ ಕವಿತೆಗಳಿಗೆ ಅವರು ಕೂರಿಸಿದ ರಾಗಗಳನ್ನು ಕೇಳಿದವರು, ಕವಿಯ ಮಾತಿಗೆ ಇಷ್ಟು ಗೌರವ ಕೊಡುವ ಸಂಯೋಜಕನನ್ನು ಬರಿಯ ಹಿನ್ನೆಲೆಯವರೆಂದು ಕರೆಯಲಾರರು.

ಎರಡನೆಯ ಉತ್ತರ:
ಹೆಸರು ಹಿಂದುಳಿಯಲು ಇನ್ನೊಂದು ಕಾರಣವೂ ಇರಬಹುದು. ಕನ್ನಡದಲ್ಲಿ ಅವರ ಅನೇಕ ಒಳ್ಳೆಯ ಚಿತ್ರಗಳು ಸಿ. ಅಶ್ವಥ್ ಅವರ ಜೊತೆಗೂಡಿ ‘ಅಶ್ವಥ್–ವೈದಿ’ ಎಂಬ ಜೋಡಿ ಹೆಸರಿನಲ್ಲಿ ಬಂದವು. ‘ನಾರದ ವಿಜಯ’ ಮತ್ತು ‘ಆಲೆಮನೆ’ ಈ ಜೋಡಿಯ ಚಿತ್ರಗಳು. ಮುಂದೆ ಅಶ್ವಥ್ ಅವರು ಭಾವಗೀತೆಗಳ ಗಾಯಕರಾಗಿ ಕನ್ನಡಿಗರ ಮನೆಮಾತಾದರು. ‘ವೈದಿ’ ಎಂಬ ಎರಡಕ್ಷರದ ಹಿಂದೆ ಇದ್ದವರು ಯಾರೆಂದು ಕೇಳುವವರು ಕಡಿಮೆಯಾದರು. ಎಸ್.ಪಿ. ಬಾಲಸುಬ್ರಹ್ಮಣ್ಯಂ ಹಾಡಿದ, ದೊಡ್ಡರಂಗೇಗೌಡರ ‘ನಮ್ಮೂರ ಮಂದಾರ ಹೂವೆ’ ಎಂಬ ‘ಆಲೆಮನೆ’ಯ ಹಾಡಿನ ಮಾತು ಬಂದಾಗ ಕವಿಯನ್ನೂ ಗಾಯಕರನ್ನೂ ಸ್ಮರಿಸುವ ನಾವು ಈ ಹೆಸರನ್ನು ಬಿಟ್ಟುಬಿಡುವುದು ನನಗೆ ನಿಜಕ್ಕೂ ನೋವಿನ ಸಂಗತಿ.

ಮೂರನೆಯ ಉತ್ತರ:
ಹಿನ್ನೆಲೆ ಸಂಗೀತದ ಬಗ್ಗೆ ಯಾರೂ ಬರೆಯದ ಕಾರಣ ಸ್ವಲ್ಪ ವಿಸ್ತಾರವಾಗಿಯೇ ಬರೆಯುತ್ತೇನೆ. ಆ ಕಾಲದ ರೀ-ರೆಕಾರ್ಡಿಂಗ್‌ನಲ್ಲಿ ಸಂಯೋಜಕರು ರೀಲನ್ನು ಪರದೆಯ ಮೇಲೆ ನೋಡಿ, ಸಂಗೀತ ಎಲ್ಲಿ ಆರಂಭವಾಗಬೇಕು, ಎಲ್ಲಿ ನಿಲ್ಲಬೇಕು ಎಂದು ಗುರುತಿಸಿಕೊಂಡು, ಸ್ವರ ಬರೆದು ವಾದಕರ ಕೈಗೆ ಕೊಡಬೇಕಿತ್ತು. ಮತ್ತೆ ಚಿತ್ರ ಓಡುತ್ತಿರುವಾಗಲೇ ಎಲ್ಲರೂ ಕೂಡಿ ನುಡಿಸಬೇಕಿತ್ತು. ಇಲ್ಲಿ ಎಲ್ಲಕ್ಕಿಂತ ಕಷ್ಟದ ನಿರ್ಧಾರವೆಂದರೆ ಎಲ್ಲಿ ನುಡಿಸಬಾರದು ಎಂಬುದೇ.

ಸಿಂಗೀತಂ ಶ್ರೀನಿವಾಸ ರಾವ್ ಅವರ ‘ಪುಷ್ಪಕ ವಿಮಾನ’ (1987) ಇದಕ್ಕೆ ಅತ್ಯುತ್ತಮ ನಿದರ್ಶನ. ಬೆಂಗಳೂರಿನಲ್ಲಿ ಚಿತ್ರೀಕರಣಗೊಂಡ ಆ ಚಿತ್ರದಲ್ಲಿ ಸಂಭಾಷಣೆಯೇ ಇಲ್ಲ. ಅಂಥ ಕಡೆ ಬೇರೆ ಸಂಯೋಜಕರಾಗಿದ್ದರೆ ಮಾತಿನ ಜಾಗವನ್ನೆಲ್ಲ ವಾದ್ಯಗಳಿಂದ ತುಂಬಿಬಿಡುತ್ತಿದ್ದರೇನೋ. ಆದರೆ ಆ ಕಥೆಯಲ್ಲಿ ಶಬ್ದವೂ ಒಂದು ಪಾತ್ರ: ಚಿತ್ರಮಂದಿರದ ಗದ್ದಲದ ನಡುವೆ ನಿದ್ರಿಸಿ ರೂಢಿಯಾದ ನಾಯಕ, ಐಷಾರಾಮಿ ಹೋಟೆಲಿನ ನಿಶ್ಶಬ್ದದಲ್ಲಿ ನಿದ್ದೆ ಬಾರದೆ, ಅದೇ ಗದ್ದಲವನ್ನು ಟೇಪಿನಲ್ಲಿ ಮುದ್ರಿಸಿಕೊಂಡು ಬಂದು ಕೇಳುತ್ತಾನೆ. ಇಂತಹ ಸನ್ನಿವೇಶ ನಗೆ ತರಿಸಬೇಕಾದರೆ ಸಂಗೀತ ಬದಿಗೆ ಸರಿದು ನಿಲ್ಲಬೇಕು. ಹಾಗೆ ಸರಿದು ನಿಲ್ಲುವ ಸಂಯಮವೇ ವೈದ್ಯನಾಥನ್ ಅವರ ದೊಡ್ಡ ಗುಣವೆಂದು ನಾನು ನಂಬಿದ್ದೇನೆ.

ಕಿರುತೆರೆಯ ಅಗತ್ಯವೇ ಬೇರೆ. ಅಂದಿನ ಟಿ.ವಿ. ಪೆಟ್ಟಿಗೆಯ ಪುಟ್ಟ ಸ್ಪೀಕರಿನಲ್ಲಿ ಮಂದ್ರದ ನಾದಗಳು ಸರಿಯಾಗಿ ಕೇಳುತ್ತಿರಲಿಲ್ಲ, ದೊಡ್ಡ ವಾದ್ಯವೃಂದ ಕಲಸಿಹೋಗುತ್ತಿತ್ತು. ಸಾಹಿತ್ಯವಿಲ್ಲದ ಸರಳ ಕಂಠಾಲಾಪ ಮಾತ್ರ ಅಡುಗೆಮನೆಯವರೆಗೂ ಸ್ಪಷ್ಟವಾಗಿ ತಲುಪುತ್ತಿತ್ತು. ‘ಮಾಲ್ಗುಡಿ ಡೇಸ್’ ಹಿಂದಿ, ಇಂಗ್ಲಿಷ್ ಎರಡರಲ್ಲೂ ತಯಾರಾದದ್ದರಿಂದ ಯಾವ ಭಾಷೆಗೂ ಸೇರದ ಈ ಆಲಾಪ ಎರಡಕ್ಕೂ ಒಗ್ಗಿತು.

ಪ್ರಶ್ನೆ ಕೇಳಿದವರಿಂದ:
ಎಲ್ಲರಿಗೂ ಹೃತ್ಪೂರ್ವಕ ವಂದನೆಗಳು. ಹಾಡುಗಳ ಬಗೆಗಿನ ನನ್ನ ಅಭಿಪ್ರಾಯವನ್ನು ಮರುಪರಿಶೀಲಿಸುತ್ತೇನೆ. ಅವರ ಹಿನ್ನೆಲೆ ಸಂಗೀತವನ್ನು ಗಮನವಿಟ್ಟು ಕೇಳಬಯಸುವವರು ಯಾವುದರಿಂದ ಆರಂಭಿಸಬೇಕು?

ಮೂರನೆಯ ಉತ್ತರ ಬರೆದವರಿಂದ:
ಮೊದಲು ‘ಪುಷ್ಪಕ ವಿಮಾನ’ವನ್ನು ಸಂಗೀತಕ್ಕಾಗಿಯೇ ಒಮ್ಮೆ ನೋಡಿ, ಎಲ್ಲೆಲ್ಲಿ ವಾದ್ಯಗಳು ಮೌನವಾಗುತ್ತವೆ ಎಂಬುದನ್ನು ಗುರುತು ಹಾಕಿಕೊಳ್ಳಿ. ಆ ಬಳಿಕ ಮಾಲ್ಗುಡಿಯ ಸ್ವಾಮಿಯ ಕಂತುಗಳಿಗೆ ಬನ್ನಿ, ಶೀರ್ಷಿಕೆ ಮುಗಿದ ಮೇಲೂ ಕಿವಿಯನ್ನು ತೆರೆದೇ ಇಟ್ಟುಕೊಳ್ಳಿ. ವೈದ್ಯನಾಥನ್ 2007ರಲ್ಲಿ ತೀರಿಕೊಂಡರು. ಅವರ ಹಿನ್ನೆಲೆ ಸಂಗೀತವನ್ನು ಸ್ವರಪ್ರಸ್ತಾರ ಸಹಿತ ದಾಖಲಿಸುವ ಕೆಲಸವನ್ನು ಸಂಗೀತದ ವಿದ್ಯಾರ್ಥಿಗಳು ಯಾರಾದರೂ ಕೈಗೆತ್ತಿಕೊಳ್ಳಬೇಕೆಂಬುದು ನನ್ನ ಕಳಕಳಿಯ ಕೋರಿಕೆ.